ಸೀರಿಯಲ್ ಬಂದರೆ ಕಾನೂನೂ ಬರುತ್ತದೆ

ಬ್ರಿಟನ್ನಿನಲ್ಲಿ ಅಷ್ಟೊಂದು ಸಂಸದರು ಯಾಕೆ? ಗ್ವಿನೆತ್ ಹ್ಯೂಸ್ ಒಬ್ಬರೇ ಸಾಕಲ್ವಾ? ಮೊದಲು ಪತ್ರಕರ್ತೆ, ಆಮೇಲೆ ಸಾಕ್ಷ್ಯಚಿತ್ರ, ಆಮೇಲೆ ಟಿವಿ ನಾಟಕ. ಈಗ ನೋಡಿದರೆ ಕಾನೂನು ಮಂತ್ರಿ. ಸರ್ಕಾರಿ ಕಾರೊಂದು ಬಾಕಿ.

2024ರ ಜನವರಿ 1ರಿಂದ 4ರವರೆಗೆ ಅಲ್ಲಿನ ಐಟಿವಿ ಚಾನೆಲ್‌ನಲ್ಲಿ ಅವರ ‘ಮಿಸ್ಟರ್ ಬೇಟ್ಸ್ ವರ್ಸಸ್ ದಿ ಪೋಸ್ಟ್ ಆಫೀಸ್’ ಸೀರಿಯಲ್ ಬಂತು. ಪೋಸ್ಟ್ ಆಫೀಸಿನ ಕಂಪ್ಯೂಟರ್ ತಪ್ಪು ಲೆಕ್ಕ ತೋರಿಸಿದ್ದಕ್ಕೆ, ಶಾಖೆ ನಡೆಸುತ್ತಿದ್ದವರೇ ಕಳ್ಳರು ಅಂತ ಶಿಕ್ಷೆ ಅನುಭವಿಸಿದ ನಿಜ ಕಥೆ. 10ನೇ ತಾರೀಖು ಪ್ರಧಾನಿ ಸುನಕ್ ಎದ್ದು ನಿಂತು, ಅವರ ಶಿಕ್ಷೆ ರದ್ದು ಮಾಡಲು ಕಾನೂನು ತರುತ್ತೇವೆ ಅಂದರು. ಆರೇ ದಿನ! ಎಂಥ ಚುರುಕು!

ವಿಷಯ ಗೊತ್ತೇ ಇರಲಿಲ್ಲವೇ? ಕಂಪ್ಯೂಟರ್ ವೀಕ್ಲಿ ಪತ್ರಿಕೆ 2009ರಲ್ಲೇ ಬರೆದಿತ್ತು. ಕಂಪ್ಯೂಟರ್ ಸರಿಯಾಗೇ ಇದೆ ಅನ್ನುವ ಪೋಸ್ಟ್ ಆಫೀಸಿನ ವಾದ ಭೂಮಿ ಚಪ್ಪಟೆ ಅಂದಹಾಗಿದೆ ಅಂತ ಹೈಕೋರ್ಟ್ ಜಡ್ಜ್ 2019ರ ಡಿಸೆಂಬರಿನಲ್ಲಿ ಉಗಿದಿದ್ದರು. ಪಾಪ, ತೀರ್ಪಿಗೆ ಹಿನ್ನೆಲೆ ಸಂಗೀತ ಇರಲಿಲ್ಲ. ಅಂಗೈ ಹುಣ್ಣಿಗೆ ಕನ್ನಡಿ ಬೇಕೇ ಅನ್ನಬೇಡಿ. ಬೇಕು. ರಾತ್ರಿ ಒಂಬತ್ತಕ್ಕೆ, ನಡುನಡುವೆ ಜಾಹೀರಾತೂ ಬೇಕು.

ಅಂದಹಾಗೆ, ಪೋಸ್ಟ್ ಆಫೀಸಿನ ಮುಖ್ಯಸ್ಥೆಯಾಗಿದ್ದ ಪೌಲಾ ವೆನೆಲ್ಸ್‌ಗೆ ಸಿಬಿಇ ಗೌರವ ಸಿಕ್ಕಿದ್ದೂ ಅದೇ 2019ರ ಹೊಸವರ್ಷಕ್ಕೆ. ಪೋಸ್ಟ್ ಆಫೀಸಿಗೆ ಮಾಡಿದ ಸೇವೆಗಂತೆ! ಸೀರಿಯಲ್ ಆದಮೇಲೆ, ಅದನ್ನು ಕಿತ್ತುಕೊಳ್ಳಿ ಅಂತ 12 ಲಕ್ಷ ಜನ ಸಹಿ ಹಾಕಿದರು. ವೆನೆಲ್ಸ್ ವಾಪಸ್ ಕೊಡುತ್ತೇನೆ ಅಂದರು.

ಸೀರಿಯಲ್‌ನಲ್ಲಿ ಬರುವ ಜೋ ಹ್ಯಾಮಿಲ್ಟನ್ ಕಥೆ ಕೇಳಿ. ಹಳ್ಳಿ ಅಂಗಡಿ, ಅದರಲ್ಲೇ ಪೋಸ್ಟ್ ಆಫೀಸು. ಲೆಕ್ಕ ತಾಳೆ ಆಗುತ್ತಿಲ್ಲ. ಸಹಾಯವಾಣಿಯವರು ಹೇಳಿದಂತೆ ಗುಂಡಿ ಒತ್ತುತ್ತಾರೆ. ಕೊರತೆ ಬಿದ್ದ 2,000 ಪೌಂಡು ಕಣ್ಣೆದುರೇ 4,000 ಆಗುತ್ತದೆ. ಕೈಯಿಂದ ತುಂಬಿಕೊಡಿ, ಈ ತೊಂದರೆ ಇರೋದು ನಿಮಗೊಬ್ಬರಿಗೇ ಅನ್ನುತ್ತಾರೆ. ಎಷ್ಟೋ ಜನಕ್ಕೆ ಅದೇ ಉತ್ತರ. 900ಕ್ಕೂ ಜಾಸ್ತಿ ಜನಕ್ಕೆ ಶಿಕ್ಷೆಯಾಯಿತು. ಅಷ್ಟೂ ಜನ ‘ಒಬ್ಬರೇ’. ಹ್ಯೂಸ್ ಸಂಭಾಷಣೆಗೆ ತಲೆ ಕೆಡಿಸಿಕೊಳ್ಳಬೇಕಾಗಿರಲಿಲ್ಲ. ಪೋಸ್ಟ್ ಆಫೀಸೇ ಬರೆದಿಟ್ಟಿತ್ತು.

ಇಷ್ಟೆಲ್ಲಾ ಆಗಿ ಐಟಿವಿಗೆ ಸುಮಾರು 10 ಲಕ್ಷ ಪೌಂಡ್ ಲಾಸ್ ಅಂತ ಚಾನೆಲ್‌ನವರೇ ಹೇಳಿಕೊಂಡರು. ಮುಂದಿನ ಅನ್ಯಾಯದವರು ಮೊದಲು ಪ್ರಾಯೋಜಕರನ್ನು ಹುಡುಕಿಕೊಳ್ಳಲಿ.

ಸಾಕು, ತಮಾಷೆ ಮಾಡಲೂ ಬೇಜಾರು. 2010ರ ನವೆಂಬರಿನಲ್ಲಿ ಇದೇ ರೀತಿ ಶಾಖೆ ನಡೆಸುತ್ತಿದ್ದ ಸೀಮಾ ಮಿಶ್ರಾ ಜೈಲಿಗೆ ಹೋದಾಗ ಎಂಟು ವಾರದ ಗರ್ಭಿಣಿ. ಅವತ್ತು ದೊಡ್ಡ ಮಗನ 10ನೇ ಹುಟ್ಟುಹಬ್ಬ. 2021ರಲ್ಲಿ ಅವರೂ ಸೇರಿ 39 ಜನರ ಶಿಕ್ಷೆ ರದ್ದಾಯಿತು. ಉಳಿದವರು ಒಬ್ಬೊಬ್ಬರಾಗಿ ಮೇಲ್ಮನವಿ ಹಾಕಿಕೊಳ್ಳಬೇಕಿತ್ತು. ಸಂಸದರಿಗೆ ಪತ್ರ ಬರೆದವರು, ಮನೆ ಕಳೆದುಕೊಂಡವರು, ಕಾದು ಕಾದು ಸತ್ತವರು. ಅವರು ಮಾಡಿದ ತಪ್ಪಾದರೂ ಏನು? ಸೀರಿಯಲ್‌ನಲ್ಲಿ ಬೇಟ್ಸ್ ಆಗಿ ನಟಿಸಿದ ಟೋಬಿ ಜೋನ್ಸ್ ಅಲ್ಲದೇ ಇದ್ದಿದ್ದಾ?