ಆ ಮೈದಾನ ಖಾಲಿ ಬಿದ್ದ ಜಾಗವಲ್ಲ

ನಿನ್ನೆ ಸಂಜೆ ನಮ್ಮ ಊರಿನ ಫುಟ್‌ಬಾಲ್ ಮೈದಾನದಲ್ಲಿ ಕಂಡದ್ದನ್ನು ಬರೆಯದೆ ಇರಲು ನನ್ನಿಂದ ಆಗುತ್ತಿಲ್ಲ. ವಸ್ತುಪ್ರದರ್ಶನದವರು ಮಳಿಗೆ ಬಿಚ್ಚಿಕೊಂಡು ಹೋಗಿಯಾಗಿತ್ತು. ಕ್ಲಬ್ಬಿನ ಹುಡುಗರು ಸಾಲಾಗಿ ಬಗ್ಗಿ ನಿಂತು ನೆಲದಲ್ಲಿ ಹೂತಿದ್ದ ಮೊಳೆಗಳನ್ನು ಹೆಕ್ಕಿ, ಬಣ್ಣದ ಹಳೆಯ ಡಬ್ಬಿಯೊಂದಕ್ಕೆ ಹಾಕುತ್ತಿದ್ದರು. ಪೆನಾಲ್ಟಿ ಗುರುತಿನ ಪಕ್ಕದಲ್ಲೇ ಜಾಯಿಂಟ್ ವ್ಹೀಲ್‌ಗಾಗಿ ತೋಡಿದ್ದ ಗುಂಡಿಗಳಿಗೆ ಜಲ್ಲಿ ಮತ್ತು ಚಿರೇಕಲ್ಲಿನ ಚೂರು ತುಂಬಿ, ಮೇಲೆ ಒಂದಿಷ್ಟು ಮಣ್ಣೆಳೆದು ಪ್ರದರ್ಶನದವರು ಹೋಗಿದ್ದರು. ಸಂಬಂಧಪಟ್ಟವರನ್ನು ಕೇಳಲು ಹೋದರೆ ಸಿಕ್ಕ ಉತ್ತರ ಇಷ್ಟೇ: "ಅದು ಖಾಲಿ ಬಿದ್ದಿರುವ ಜಾಗ, ನಿಮ್ಮ ಕ್ಲಬ್ಬಿನದು ಅನ್ನಲು ಯಾವ ಕಾಗದ ಇದೆ?"

ಖಾಲಿ ಬಿದ್ದಿರುವ ಜಾಗವಂತೆ. ರಾತ್ರಿಯೆಲ್ಲ ಈ ಮಾತು ನನ್ನನ್ನು ನಿದ್ದೆ ಮಾಡಗೊಡಲಿಲ್ಲ.

ನಮ್ಮ ಈ ಉತ್ತರ ಕನ್ನಡ ಜಿಲ್ಲೆ ಮುಂಬೈ ಪ್ರಾಂತದಲ್ಲಿದ್ದಾಗಲೇ, ಅಂದರೆ 1956ಕ್ಕೂ ಮೊದಲೇ, ಅಲ್ಲಿ ಚೆಂಡು ಒದೆಯುತ್ತಿದ್ದರು ಎಂದು ನಮ್ಮ ಮನೆಯ ಹಿರಿಯರು ಹೇಳುತ್ತಿದ್ದರು. ಪಾಳುಬಿದ್ದ ಗದ್ದೆಯ ಬದುಗಳನ್ನು ಒಡೆದು, ತಗ್ಗಿದ್ದಲ್ಲಿ ಬುಟ್ಟಿಯಲ್ಲಿ ಮಣ್ಣು ಹೊತ್ತು ಹಾಕಿ ಸಮ ಮಾಡಿದವರು ಬಂದರಿನಲ್ಲಿ ಕೂಲಿ ಮಾಡುತ್ತಿದ್ದವರು, ಮೀನುಗಾರರು ಮತ್ತು ಶಾಲೆಯ ಒಬ್ಬಿಬ್ಬರು ಮಾಸ್ತರರು. ಬಹಳ ಕಾಲ ಗೋಲುಕಂಬ ಎಂದರೆ ಗಾಳಿಮರದ ಮೂರು ಗಳುಗಳೇ ಆಗಿದ್ದವು. ಮಳೆಗಾಲದಲ್ಲಿ ನೀರು ನಿಲ್ಲದ ಹಾಗೆ ಸಮುದ್ರದ ಬದಿಗೆ ಹರಿಯುವಂತೆ ತೋಡಿದ್ದ ಕಾಲುವೆಯನ್ನು ಪ್ರತಿ ವರ್ಷ ಆಟಗಾರರೇ ಗುದ್ದಲಿ ಹಿಡಿದು ಬಿಡಿಸುತ್ತಿದ್ದರು. ಕಾಳಿ ನದಿಗೆ ಸೇತುವೆ ಆಗುವ ಮೊದಲು ದೋಣಿ ದಾಟಿ ಸದಾಶಿವಗಡದ ಕಡೆಯಿಂದಲೂ, ಆಮೇಲೆ ಗಡಿಯಾಚೆ ಗೋವಾದ ಕಾಣಕೋಣದಿಂದಲೂ ತಂಡಗಳು ಇಲ್ಲಿಗೆ ಬಂದು ಆಡಿವೆ. ನಮ್ಮ ಹುಡುಗರಿಗೆ ಗೋವಾದ ಕ್ಲಬ್ಬುಗಳ ಕಣ್ಣಿಗೆ ಬೀಳಲು ಇದ್ದ ದಾರಿಯೂ ಇದೊಂದೇ. ಇಷ್ಟು ಜನರ ಬೆವರು ಬಿದ್ದ ನೆಲವನ್ನು ಖಾಲಿ ಜಾಗ ಎನ್ನಲು ನಾಲಿಗೆ ಹೇಗೆ ಏಳುತ್ತದೆ?

ಕಾಗದ ಇಲ್ಲ ಎಂಬುದು ನಿಜ. ಕ್ಲಬ್ಬಿನ ಹಳೆಯ ನಡಾವಳಿ ಪುಸ್ತಕಗಳನ್ನು ಗೆದ್ದಲು ತಿಂದಿದೆ, ಉಳಿದದ್ದನ್ನು ಕರಾವಳಿಯ ಥಂಡಿ ತಿಂದಿದೆ. ಕಾಗದದ ಬೆಲೆ ಏನೆಂದು ನೋಡಬೇಕಾದರೆ ಇಂಗ್ಲೆಂಡಿನ ಶೆಫೀಲ್ಡಿನ ಕಡೆ ನೋಡಬೇಕು. ಅಲ್ಲಿನ ಸ್ಯಾಂಡಿಗೇಟ್ ಎಂಬ ಇಳಿಜಾರಿನ ಸಣ್ಣ ಮೈದಾನದಲ್ಲಿ 1860ರ ಡಿಸೆಂಬರ್ 26ರಂದು ಹ್ಯಾಲಮ್ ಮತ್ತು ಶೆಫೀಲ್ಡ್ ಕ್ಲಬ್ಬುಗಳು ಆಡಿದವು. ಎರಡು ಕ್ಲಬ್ಬುಗಳ ನಡುವಿನ ಮೊದಲ ಪಂದ್ಯ ಅದು ಎಂದು ಇಂದಿಗೂ ಗುರುತಿಸುತ್ತಾರೆ. ಹ್ಯಾಲಮ್ ತಂಡ ಈಗಲೂ ಅಲ್ಲೇ ಆಡುತ್ತದೆ, ಜಗತ್ತಿನ ಅತಿ ಹಳೆಯ ಫುಟ್‌ಬಾಲ್ ಮೈದಾನ ಎಂದು ಗಿನ್ನೆಸ್ ಅದನ್ನು ದಾಖಲಿಸಿದೆ. 1857ರಲ್ಲಿ ಹುಟ್ಟಿದ ಶೆಫೀಲ್ಡ್ ಕ್ಲಬ್ಬಿಗಾದರೋ 2001ರವರೆಗೆ ತನ್ನದೆನ್ನುವ ಮೈದಾನವೇ ಇರಲಿಲ್ಲ. ಆದರೆ ಅದು ತನ್ನ ಕಾಗದಗಳನ್ನು ಕಾಪಾಡಿಕೊಂಡಿತ್ತು. ಕೈಬರಹದ ನಿಯಮಾವಳಿಯೂ ಸೇರಿದಂತೆ ಆ ದಾಖಲೆಗಳು 2011ರ ಹರಾಜಿನಲ್ಲಿ 8,81,250 ಪೌಂಡಿಗೆ ಹೋದವು. ನಮ್ಮದು ಅಷ್ಟು ಹಳೆಯ ಕ್ಲಬ್ಬಲ್ಲ, ಅಂಥ ಹೆಸರೂ ನಮಗೆ ಬೇಕಾಗಿಲ್ಲ. ಆದರೆ ಬರೆದಿಟ್ಟವರ ಮೈದಾನ ಉಳಿಯುತ್ತದೆ, ಬರೆದಿಡದವರದು ಪ್ರದರ್ಶನದ ಮಳಿಗೆಗೆ ಹೋಗುತ್ತದೆ ಎಂದರೆ ಅದನ್ನು ನ್ಯಾಯ ಎನ್ನಲು ನನಗೆ ಸಾಧ್ಯವಿಲ್ಲ.

"ವರ್ಷಕ್ಕೆ ನಾಲ್ಕು ದಿನ ಮೇಳ ಆದರೆ ಏನಾಯಿತು, ಊರಿಗೂ ಆದಾಯ ಬೇಡವೇ?" ಎಂದು ನನ್ನ ಗೆಳೆಯರಲ್ಲೇ ಕೆಲವರು ಕೇಳುತ್ತಾರೆ. ಲಾರಿಯ ಗಾಲಿ ಹಾದ ನೆಲ ಒತ್ತಿ ಗಟ್ಟಿಯಾದರೆ ಬೇರಿಗೆ ಗಾಳಿ ಆಡುವುದಿಲ್ಲ, ನೀರು ಇಂಗುವುದಿಲ್ಲ. ವರ್ಷಕ್ಕೆ 3,000 ಮಿಲಿಮೀಟರ್ ಆಸುಪಾಸು ಮಳೆ ಸುರಿಯುವ ನಮ್ಮ ಕರಾವಳಿಯಲ್ಲಿ ಅಂಥ ನೆಲ ಜೂನ್ ಬರುವಷ್ಟರಲ್ಲಿ ಕೆರೆಯಾಗುತ್ತದೆ. ನಾಲ್ಕು ದಿನದ ಮೇಳಕ್ಕೆ ಹುಡುಗರು ಕಳೆದುಕೊಳ್ಳುವುದು ಇಡೀ ಒಂದು ಮಳೆಗಾಲದ ಆಟವನ್ನು.

"ಇಷ್ಟುದ್ದ ಬೀಚ್ ಇದೆಯಲ್ಲ, ಅಲ್ಲಿ ಆಡಲಿ" ಎನ್ನುವವರ ಮಾತಿಗಂತೂ ನನಗೆ ಸಿಟ್ಟು ಬರುತ್ತದೆ. ಮರಳಿನ ಆಟವೇ ಬೇರೆ. ಅದಕ್ಕೆ ಒಂದು ಬದಿಗೆ ಐದು ಜನ, 35ರಿಂದ 37 ಮೀಟರ್ ಉದ್ದದ ಅಂಕಣ, ಬರಿಗಾಲು. ಹನ್ನೊಂದು ಜನರ ಆಟಕ್ಕೆ 90ರಿಂದ 120 ಮೀಟರ್ ಉದ್ದದ, ಚೆಂಡು ಉರುಳುವ, ಪುಟಿಯುವ ನೆಲ ಬೇಕು. ಮರಳಿನಲ್ಲಿ ಚೆಂಡು ಪುಟಿಯುವುದಿಲ್ಲ ಎಂಬುದು ಒಮ್ಮೆ ಆಡಿದವರಿಗೆಲ್ಲ ಗೊತ್ತು.

ಗುಡ್ಡಕ್ಕೂ ಕಡಲಿಗೂ ನಡುವೆ ಸಿಕ್ಕಿಕೊಂಡ ಊರು ನಮ್ಮದು, ಸಮತಟ್ಟು ಜಾಗವೇ ಕಡಿಮೆ. 1986ರಲ್ಲಿ ಶಂಕುಸ್ಥಾಪನೆಯಾದ ನೌಕಾನೆಲೆಗಾಗಿ ಅರ್ಗಾ ಕಡೆಯ ಊರುಗಳವರು ಮನೆ, ಗದ್ದೆ, ಕಡಲತೀರ ಎಲ್ಲವನ್ನೂ ಬಿಟ್ಟುಕೊಟ್ಟರು. ಹೆದ್ದಾರಿ ಅಗಲವಾದಾಗ ಮತ್ತಷ್ಟು ಹೋಯಿತು. ದೇಶದ ಕೆಲಸಕ್ಕೆ ಕೊಟ್ಟದ್ದರ ಬಗ್ಗೆ ನನ್ನ ತಕರಾರಿಲ್ಲ. ಆದರೆ ಅಷ್ಟೆಲ್ಲ ಕೊಟ್ಟ ಊರಿಗೆ ಉಳಿದಿರುವ ಒಂದು ಮೈದಾನವನ್ನು ಬಾಡಿಗೆಗೆ ಬಿಡುವುದನ್ನು ಒಪ್ಪಲು ನನ್ನಿಂದ ಆಗದು.

ಕಾನೂನು ಇಲ್ಲವೆಂದಲ್ಲ. ಉದ್ಯಾನ, ಆಟದ ಮೈದಾನ ಮತ್ತು ತೆರೆದ ಜಾಗಗಳ ಸಂರಕ್ಷಣೆಗೆಂದೇ ಕರ್ನಾಟಕದಲ್ಲಿ 1985ರ ಕಾಯ್ದೆಯೊಂದಿದೆ. ಅಂಥ ಜಾಗಗಳ ಪಟ್ಟಿಯನ್ನು ನಕಾಶೆ ಸಹಿತ ಸಿದ್ಧಪಡಿಸುವ ಹೊಣೆಯನ್ನು ಅದು ಸ್ಥಳೀಯ ಸಂಸ್ಥೆಯ ಮೇಲೆ ಹೊರಿಸುತ್ತದೆ. ಬೆಂಗಳೂರಿನಲ್ಲಿ ಉದ್ಯಾನಕ್ಕೆಂದು ಮೀಸಲಿಟ್ಟ ಜಾಗವನ್ನು ಖಾಸಗಿ ನರ್ಸಿಂಗ್ ಹೋಮಿಗೆ ಕೊಟ್ಟಾಗ ಅಲ್ಲಿನ ನಿವಾಸಿಗಳು ಹೋರಾಡಿದರು, 1991ರಲ್ಲಿ ಮುದ್ದಪ್ಪ ಪ್ರಕರಣದಲ್ಲಿ ಸುಪ್ರೀಂ ಕೋರ್ಟೂ ಅವರ ಪರವಾಗಿಯೇ ನಿಂತಿತು. ಆಸ್ಪತ್ರೆಗೇ ಸಿಗದ ರಿಯಾಯಿತಿ ಬಟ್ಟೆ ಮಳಿಗೆಗೂ ಜಾಯಿಂಟ್ ವ್ಹೀಲಿಗೂ ಏಕೆ ಸಿಗಬೇಕು?

ನಮ್ಮ ಮೈದಾನದ ಸರ್ವೆ ನಂಬರು ಆ ಪಟ್ಟಿಗೆ ಸೇರಬೇಕೆಂದು ಕ್ಲಬ್ಬಿನ ಹೆಸರಿನಲ್ಲಿ ಅರ್ಜಿ ಬರೆದಿದ್ದೇವೆ. ಅದರ ಜೊತೆಗಿಡಲು ಹಳೆಯ ಟೂರ್ನಮೆಂಟಿನ ಆಮಂತ್ರಣ ಪತ್ರಿಕೆ, ತಂಡದ ಫೋಟೊ, ಚಂದಾ ರಸೀದಿ, ಪತ್ರಿಕೆಯ ತುಣುಕು, ಏನಿದ್ದರೂ ಬೇಕು. ಅಲ್ಲಿ ಆಡಿದ ಅಜ್ಜಂದಿರು ಯಾರ ಮನೆಯಲ್ಲಿದ್ದಾರೋ ಅವರು ದಯವಿಟ್ಟು ತಿಳಿಸಿ. ನಾವೇ ಮನೆಗೆ ಬಂದು ಅವರ ಮಾತನ್ನು ಬರೆದುಕೊಂಡು ಸಹಿ ಹಾಕಿಸಿಕೊಳ್ಳುತ್ತೇವೆ. ಮಳೆ ಹಿಡಿಯುವ ಮೊದಲು ಅರ್ಜಿ ಕೊಡಬೇಕು, ಆ ಗುಂಡಿಗಳ ಜಲ್ಲಿಯನ್ನೂ ತೆಗೆಸಬೇಕು. ಭಾನುವಾರ ಬೆಳಿಗ್ಗೆ ಗುದ್ದಲಿ, ಬುಟ್ಟಿ ಇದ್ದವರು ತೆಗೆದುಕೊಂಡು ಬನ್ನಿ.