ಇದು ನಮ್ಮದೇ ಕಣೇ

ಒತ್ತು ಶ್ಯಾವಿಗೆಯ ಕಷ್ಟ ಮಾಡಿದವರಿಗೇ ಗೊತ್ತು. ಅಕ್ಕಿ ನೆನೆಹಾಕಿ, ರುಬ್ಬಿ, ಹಿಟ್ಟು ಮಗುಚಿ, ಮುದ್ದೆ ಕಟ್ಟಿ ಬೇಯಿಸಿ, ಬಿಸಿಯಿರುವಾಗಲೇ ಒರಳಿಗೆ ತುಂಬಿ ಒತ್ತಬೇಕು. ಆರಿದರೆ ಒರಳಿನ ಹಿಡಿ ಅಲ್ಲಾಡುವುದಿಲ್ಲ, ಒತ್ತುವವರ ಭುಜ ಅಲ್ಲಾಡುತ್ತದೆ. ಇವತ್ತು ಬೆಳಿಗ್ಗೆ ಹಾಗೆ ಭುಜ ಅಲ್ಲಾಡಿಸಿಕೊಂಡು ಒತ್ತಿದ ಶ್ಯಾವಿಗೆಯನ್ನು ಕಾಯಿಹಾಲಿನ ಜೊತೆ ಮುಂದಿಟ್ಟರೆ, ನಮ್ಮವರು ಒಂದು ತುತ್ತು ಬಾಯಿಗಿಟ್ಟು, ಕಣ್ಣು ಮುಚ್ಚಿ ಹೇಳಿದ್ದೇನು?

‘ಆಹಾ! ಥೇಟ್ ಹನೋಯ್ ರುಚಿ.’

ಸಟ್ಟುಗ ಕೈಯಲ್ಲೇ ಇತ್ತು. ಮದುವೆಯಾಗಿ 31 ವರ್ಷವಾದ್ದರಿಂದ ಅದನ್ನು ಕೆಳಗಿಟ್ಟೆ.

ನನ್ನ ಸಿಟ್ಟು ಅರ್ಥವಾಗಬೇಕಾದರೆ ಹಿನ್ನೆಲೆ ಹೇಳಬೇಕು. ಈ ಸಲ ದಸರಾ ಜನಜಂಗುಳಿಯಿಂದ ತಪ್ಪಿಸಿಕೊಳ್ಳೋಣವೆಂದು ಮೈಸೂರು ಬಿಟ್ಟು ವಿಯೆಟ್ನಾಮಿಗೆ ಹೋಗಿದ್ದೆವು. ಹನೋಯ್‌ನ ಹಳೆಯ ಪೇಟೆಯಲ್ಲಿ ನಡೆದುಕೊಂಡೇ ಊಟ ತಿಂಡಿ ತೋರಿಸುವ ಪ್ರವಾಸವೊಂದಕ್ಕೆ ಹಣ ಕಟ್ಟಿದ್ದು ನಾನು. ಮನೆಯಲ್ಲಿ ತಿನ್ನುವುದಕ್ಕಿಂತ ಬೇರೆ ಏನಾದರೂ ತಿನ್ನಬೇಕು, ನೋಡಬೇಕು ಎಂಬ ಆಸೆಯಿಂದ. ಆದರೆ ಆ ನಾಲ್ಕು ಗಂಟೆಗಳ ಕಾಲ ನಮ್ಮವರ ಬಾಯಿಂದ ಬಂದದ್ದು ಒಂದೇ ವಾಕ್ಯ: ‘ಇದು ನಮ್ಮದೇ ಕಣೇ.’ ಹನೋಯ್‌ನಲ್ಲಿ ಇದ್ದಷ್ಟು ಹೊತ್ತೂ ಎಲ್ಲವೂ ಮೈಸೂರಿನದು. ಮೈಸೂರಿಗೆ ಬಂದ ಮೇಲೆ ನನ್ನ ಅಡುಗೆಮನೆಯದೆಲ್ಲ ಹನೋಯ್‌ನದು. ಇರುವ ಕಡೆ ಇರುವುದನ್ನು ಇರುವ ಹಾಗೆಯೇ ತಿನ್ನುವುದು ಕೆಲವರ ಜಾತಕದಲ್ಲಿ ಬರೆದಿರುವುದಿಲ್ಲ.

ನಮ್ಮ ಗೈಡ್ ಇಪ್ಪತ್ತೈದರ ಆಸುಪಾಸಿನ ಚೂಟಿ ಹುಡುಗಿ. ಹೋವಾನ್ ಕಿಯೆಮ್ ಕೆರೆಯ ದಂಡೆಯಲ್ಲಿ ಕೈಕುಲುಕಿ ಕೇಳಿದ ಮೊದಲ ಪ್ರಶ್ನೆಯೇ ‘ನಿಮ್ಮ ವಯಸ್ಸೆಷ್ಟು?’ ನಾನು ಮುಖ ಗಂಟಿಕ್ಕಿದೆ. ಆಮೇಲೆ ತಿಳಿಯಿತು, ಆ ಭಾಷೆಯಲ್ಲಿ ಎದುರಿನವರ ವಯಸ್ಸು ತಿಳಿಯದೆ ‘ನೀವು’ ಎನ್ನಲು ಕೂಡ ಆಗುವುದಿಲ್ಲವಂತೆ. ಅಣ್ಣ, ಅಕ್ಕ, ಚಿಕ್ಕಪ್ಪ, ಅತ್ತೆ, ಅಜ್ಜ ಎಂದು ಯಾವುದಾದರೂ ಒಂದು ನಂಟು ಕಟ್ಟಿಯೇ ಮಾತು ಶುರುಮಾಡಬೇಕು. ಲೆಕ್ಕ ಹಾಕಿ ಅವಳು ನಮ್ಮವರನ್ನು ‘ಬಾಕ್’ ಎಂದಳು. ಅಂದರೆ ಅಪ್ಪನಿಗಿಂತ ದೊಡ್ಡವರು, ದೊಡ್ಡಪ್ಪ. ನನ್ನನ್ನು ‘ಕೋ’ ಎಂದಳು. ಅಂದರೆ ಅಪ್ಪನ ತಂಗಿ, ಸೋದರತ್ತೆ. ನಾನು ತಡೆಯಲಾರದೆ, ‘ಅಮ್ಮಾ, ನೀನು ಹೇಳಿದ ಲೆಕ್ಕದಲ್ಲಿ ನಾವಿಬ್ಬರೂ ಅಣ್ಣ ತಂಗಿಯರಾದೆವಲ್ಲ’ ಎಂದೆ. ಹುಡುಗಿ ಹೊಟ್ಟೆ ಹಿಡಿದು ನಕ್ಕು, ತಪ್ಪು ತಿದ್ದಿಕೊಂಡು ನನ್ನನ್ನೂ ‘ಬಾಕ್’ ಮಾಡಿಬಿಟ್ಟಳು. ದೊಡ್ಡಮ್ಮನಿಗೂ ಅದೇ ಪದವಂತೆ. ಸುಮ್ಮನೆ ಬಾಯಿ ಮುಚ್ಚಿಕೊಂಡಿದ್ದರೆ ಐದಾರು ವರ್ಷ ಉಳಿಯುತ್ತಿತ್ತು.

‘ನೋಡಿದೆಯಾ,’ ಎಂದರು ಇವರು, ‘ಬಸ್ಸಿನಲ್ಲಿ ಅಜ್ಜಿ, ಆಂಟಿ ಎನ್ನುವುದಿಲ್ಲವೇ? ಇದು ನಮ್ಮದೇ.’

ಅಲ್ಲಿಂದ ಪ್ರವಾಹ. ಹದಿನೈದನೆಯ ಶತಮಾನದಲ್ಲಿ ಲೆ ಲೋಯ್ ಎಂಬ ರಾಜನು ಮಿಂಗ್ ಚೀನೀಯರನ್ನು ಓಡಿಸಿದ ಖಡ್ಗವನ್ನು ಈ ಕೆರೆಯ ಆಮೆಯೊಂದು ವಾಪಸು ತೆಗೆದುಕೊಂಡಿತೆಂಬ ಕಥೆಯನ್ನು ಹುಡುಗಿ ಹೇಳಿ ಮುಗಿಸುವ ಮೊದಲೇ ‘ಕೂರ್ಮಾವತಾರ!’ ಮೋಟಾರು ಬೈಕುಗಳ ಹೊಳೆಯನ್ನು ದಾಟುವಾಗ ಓಡಬಾರದು, ನಿಲ್ಲಬಾರದು, ಒಂದೇ ಹದದಲ್ಲಿ ನಡೆಯುತ್ತಿರಬೇಕು, ಅವರೇ ಸುತ್ತಿಕೊಂಡು ಹೋಗುತ್ತಾರೆ ಎಂದಾಗ, ‘ನಮ್ಮ ದನಗಳು ದಾಟುವುದು ಹೀಗೆಯೇ!’ ನಾನು ಅವರ ತೋಳು ಹಿಡಿದು ಕಣ್ಣು ಮುಚ್ಚಿ ದಾಟಿದೆ. ಹೋಲಿಕೆಯಲ್ಲಿ ನನ್ನ ಪಾತ್ರ ಯಾವುದೆಂದು ಕೇಳಲು ಪುರುಸೊತ್ತಿರಲಿಲ್ಲ.

ಒಂದು ಕಡೆ ಮಾತ್ರ ಒಪ್ಪಿಕೊಳ್ಳಲೇಬೇಕಾಯಿತು. ಹಳೆಯ ಪೇಟೆಯ ಎಷ್ಟೋ ಬೀದಿಗಳ ಹೆಸರು ‘ಹಾಂಗ್’ ಎಂದೇ ಶುರು. ಹಾಂಗ್ ಎಂದರೆ ಸರಕು. ಹಾಂಗ್ ಡುವೊಂಗ್ ಸಕ್ಕರೆಯ ಬೀದಿ. ಹಾಂಗ್ ಥಿಯೆಕ್ ತಗಡಿನ ಬೀದಿ, ಅಲ್ಲಿ ಈಗಲೂ ಪಾದಚಾರಿ ದಾರಿಯ ಮೇಲೆ ಕುಳಿತು ತಗಡು ಬಡಿಯುತ್ತಾರೆ. ಹಾಂಗ್ ಮಾ ಬೀದಿಯ ತುಂಬ ಸತ್ತವರಿಗಾಗಿ ಸುಡುವ ಕಾಗದದ ಸಾಮಾನು, ಕಾಗದದ ಅಂಗಿ, ಕಾಗದದ ಹಣ, ಕಾಗದದ ಮೊಬೈಲು. ‘ಅಕ್ಕಿಪೇಟೆ, ಬಳೆಪೇಟೆ, ಅರಳೆಪೇಟೆ’ ಎಂದು ಇವರು ಬೆಂಗಳೂರಿನ ಪೇಟೆಗಳನ್ನು ಒಂದೊಂದಾಗಿ ಎಣಿಸಿದರು. ನಮ್ಮ ಗುಂಪಿನಲ್ಲಿದ್ದ ಆಸ್ಟ್ರೇಲಿಯಾದ ಗಂಡ ಹೆಂಡತಿ ಅವನ್ನೂ ಹನೋಯ್‌ನ ಬೀದಿಗಳೆಂದೇ ತಿಳಿದು ಪುಸ್ತಕದಲ್ಲಿ ಬರೆದುಕೊಂಡರು. ನಾನು ತಿದ್ದಲು ಹೋಗಲಿಲ್ಲ. ಎಲ್ಲಾದರೂ ಕುಳಿತರೆ ಸಾಕಾಗಿತ್ತು.

ಕುಳಿತೆವು. ಅದೇ ಇನ್ನೊಂದು ತಾಪತ್ರಯ. ಅಲ್ಲಿನ ಬೀದಿಬದಿಯ ಹೋಟೆಲುಗಳಲ್ಲಿ ಎಲ್ಲರೂ ಕೂರುವುದು ಪ್ಲಾಸ್ಟಿಕ್ಕಿನ ಪುಟ್ಟ ಸ್ಟೂಲುಗಳ ಮೇಲೆ. ನಮ್ಮ ಬಚ್ಚಲುಮನೆಯಲ್ಲಿ ಬಟ್ಟೆ ಒಗೆಯಲು ಇಟ್ಟುಕೊಳ್ಳುವಂಥವು. ಎಂಬತ್ತರ ಅಜ್ಜಿಯರು ಅದರ ಮೇಲೆ ಗುಬ್ಬಚ್ಚಿಯ ಹಾಗೆ ಕುಳಿತು ಐಸ್ ಹಾಕಿದ ಚಹಾ ಕುಡಿಯುತ್ತಿದ್ದರು. ನನ್ನನ್ನು ಕೂರಿಸಲು ಒಬ್ಬರು, ಎಬ್ಬಿಸಲು ಇಬ್ಬರು ಬೇಕಾಯಿತು. ಇವರು ಕೂತಲ್ಲಿಂದಲೇ ‘ಮಣೆ! ನಮ್ಮ ಊಟದ ಮಣೆ!’ ಎಂದು ಘೋಷಿಸಿದರು. ಮಂಡಿ ನೋವಿನಿಂದಾಗಿ ಮನೆಯಲ್ಲಿ ಹನ್ನೆರಡು ವರ್ಷಗಳಿಂದ ಮಣೆ ಮುಟ್ಟದವರು.

ಇನ್ನು ನಾವು ಸಸ್ಯಾಹಾರಿಗಳು. ಆ ಊರಿನಲ್ಲಿ ಸಸ್ಯಾಹಾರ ಅಪರೂಪದ್ದೇನಲ್ಲ. ಚಾಂದ್ರಮಾನ ತಿಂಗಳ ಮೊದಲ ದಿನ ಮತ್ತು ಹುಣ್ಣಿಮೆಯಂದು ಎಷ್ಟೋ ಮನೆಗಳಲ್ಲಿ ಮಾಂಸ ಮುಟ್ಟುವುದಿಲ್ಲ. ಗೈಡ್ ಹುಡುಗಿಯ ಅಜ್ಜಿಯೂ ಹಾಗೆಯೇ. (‘ಏಕಾದಶಿ!’ ಎಂದಿರಿ ತಾನೇ? ಅವರೂ ಅಂದರು.) ನಾವು ಹೋದದ್ದು ಇವೆರಡೂ ಅಲ್ಲದ ದಿನ. ಜೊತೆಗೆ ನುವೊಕ್ ಮಾಮ್ ಎಂಬ ಮೀನಿನ ರಸ. ಮೀನನ್ನು ಉಪ್ಪಿನಲ್ಲಿ ತಿಂಗಳುಗಟ್ಟಲೆ ಕೊಳೆಹಾಕಿ ಇಳಿಸುವ ಈ ರಸವಿಲ್ಲದೆ ಅಲ್ಲಿ ಒಗ್ಗರಣೆಯೇ ಇಲ್ಲ ಎನ್ನಬಹುದು. ಹುಡುಗಿ ಪ್ರತಿ ಅಂಗಡಿಯಲ್ಲೂ ಮುಂದೆ ನಿಂತು ಮಾಂಸವಿಲ್ಲ, ಮೀನಿಲ್ಲ, ಮೀನಿನ ನೀರೂ ಇಲ್ಲ ಎಂದು ಮಂತ್ರದಂತೆ ಹೇಳಿ, ಸೋಯಾ ರಸ ತರಿಸಿ, ಆಮೇಲೆಯೇ ನಮ್ಮನ್ನು ಕೂರಿಸುತ್ತಿದ್ದಳು. ನೀವೂ ಒಂದು ಮಾತು ಕಲಿತಿರಿ ಎಂದು ನಮಗೆ ಹೇಳಿಕೊಟ್ಟಳು: ‘ಆನ್ ಚಾಯ್.’ ಸಸ್ಯಾಹಾರ ತಿನ್ನುವವರು ಎಂದರ್ಥ. ‘ಚಾಯ್’ ಎನ್ನುವಾಗ ಧ್ವನಿ ಏರಬಾರದು, ಇಳಿಯಬಾರದು, ಸಮವಾಗಿರಬೇಕು ಎಂದು ಎರಡೆರಡು ಸಲ ಎಚ್ಚರಿಸಿದಳು. ಹನೋಯ್ ಮಾತಿನಲ್ಲಿ ಆರು ಸ್ವರಗಳಿವೆ. ಅಕ್ಷರ ಒಂದೇ ಇದ್ದರೂ ಸ್ವರ ತಪ್ಪಿದರೆ ಅರ್ಥ ಪಲ್ಟಿ.

ನನಗೆ ಇದು ತಕ್ಷಣ ತಿಳಿಯಿತು. ನನ್ನ ‘ಹೂಂ’ಗೂ ಆರು ಸ್ವರಗಳಿವೆ: ಒಪ್ಪಿಗೆಯ ಹೂಂ, ಏನಂದಿರಿ ಎಂಬ ಹೂಂ, ಸಾಕು ಮಾಡಿ ಎಂಬ ಹೂಂ, ನೋಡಿಕೊಳ್ಳುತ್ತೇನೆ ಎಂಬ ಹೂಂ... ಆದರೆ 31 ವರ್ಷಗಳಲ್ಲಿ ಅವುಗಳಲ್ಲಿ ಒಂದನ್ನೂ ಗುರುತಿಸದ ಮನುಷ್ಯನಿಗೆ ಹನೋಯ್‌ನ ಬೀದಿಯಲ್ಲಿ ಐದು ನಿಮಿಷದಲ್ಲಿ ಸ್ವರಜ್ಞಾನ ಬರಬೇಕೆಂದರೆ?

ಬಾನ್ ಕುವೊನ್ ಅಂಗಡಿಯ ಮುಂದೆ ಅದು ನಡೆಯಿತು. ಕುದಿಯುವ ಹಂಡೆಯ ಬಾಯಿಗೆ ಬಟ್ಟೆ ಬಿಗಿದು, ಅದರ ಮೇಲೆ ಅಕ್ಕಿಹಿಟ್ಟನ್ನು ತೆಳ್ಳಗೆ ಹರಡಿ, ಮುಚ್ಚಿ, ಅರೆನಿಮಿಷದಲ್ಲಿ ಬಿದಿರಿನ ಕಡ್ಡಿಯಿಂದ ಹಾಳೆಯಂತೆ ಎತ್ತುವ ತಿಂಡಿ. ಆವಿ ಗವ್ವೆಂದು ಏಳುತ್ತಿತ್ತು. ಹುಡುಗಿ ಆಸ್ಟ್ರೇಲಿಯಾದವರಿಗೆ ಐದು ಲಕ್ಷದ ನೋಟು ಯಾವುದು, ಇಪ್ಪತ್ತು ಸಾವಿರದ ನೋಟು ಯಾವುದು ಎಂದು ಬಿಡಿಸಿ ಹೇಳುತ್ತಿದ್ದಳು. ಎರಡೂ ನೀಲಿ, ಎರಡರ ಮೇಲೂ ಹೋ ಚಿ ಮಿನ್. ಆ ಸಂದು ನೋಡಿ ನಮ್ಮವರು ತಾವೇ ಮುಂದೆ ಹೋದರು. ಹಂಡೆಯ ಕಡೆ ಬೆರಳು ತೋರಿಸಿ, ನಮ್ಮ ರೈಲಿನಲ್ಲಿ ಕೇಳುವ ಧಾಟಿಯಲ್ಲಿ, ಕೊನೆಗೆ ಎಳೆದು ಏರಿಸಿ, ‘ಚಾಯ್?’ ಎಂದರು.

ಹೆಂಗಸು ಬೆಚ್ಚಿ ಒಲೆಯ ಕಡೆ ತಿರುಗಿದಳು.

ಇವರಿಗೆ ಉತ್ಸಾಹ ಬಂತು. ಹಂಡೆಯನ್ನು ಇನ್ನೂ ಸ್ಪಷ್ಟವಾಗಿ ತೋರಿಸಿ, ಗಟ್ಟಿಯಾಗಿ, ‘ಚಾಯ್? ಚಾಯ್?’ ಅವಳು ಬಗ್ಗಿ ಹಂಡೆಯ ಕೆಳಗೆ ನೋಡಿದಳು. ಪಕ್ಕದಲ್ಲಿ ಪಾತ್ರೆ ತೊಳೆಯುತ್ತಿದ್ದ ಹುಡುಗ ಬಕೆಟ್ ಹಿಡಿದು ಎದ್ದು ನಿಂತ. ತಿನ್ನುತ್ತಿದ್ದವರೊಬ್ಬರು ಬಟ್ಟಲು ಬಿಡದೆ ಇನ್ನೊಂದು ಕೈಯಲ್ಲಿ ತಮ್ಮ ಸ್ಕೂಟರನ್ನು ಈಚೆ ಎಳೆದುಕೊಂಡರು. ಹುಡುಗಿ ಓಡಿಬಂದಳು. ಧ್ವನಿ ಏರಿಸಿದರೆ ಆ ಪದಕ್ಕೆ ‘ಬೆಂಕಿ ಹತ್ತಿದೆ’ ಎಂದರ್ಥವಂತೆ. ಪ್ರಶ್ನೆ ಕೇಳುವಾಗ ಧ್ವನಿ ಏರಿಸದೆ ಇರುವ ಕನ್ನಡಿಗ ಇನ್ನೂ ಹುಟ್ಟಿಲ್ಲ. ಸಸ್ಯಾಹಾರವೇ ಎಂದು ಇವರು ಎಷ್ಟು ವಿನಯದಿಂದ ಕೇಳಿದರೂ ಬೆಂಕಿಯೇ ಹತ್ತುತ್ತಿತ್ತು.

ನಮ್ಮವರು ಮುಖ ಸಣ್ಣದು ಮಾಡಿಕೊಂಡು, ಈ ಸಲ ತಗ್ಗಿದ ಧ್ವನಿಯಲ್ಲಿ, ಗಂಟಲಲ್ಲೇ ತುಂಡರಿಸಿ ‘ಚಾಯ್’ ಎಂದರು. ಹೆಂಗಸು ಈಗ ನಗಲು ಶುರುಮಾಡಿದಳು. ಅದಕ್ಕೆ ಅರ್ಥ ‘ಓಡು’.

ಮೊದಲು ಬೆಂಕಿ ಎಂದರು, ಆಮೇಲೆ ಓಡಿ ಎಂದರು. ಕ್ರಮ ತಪ್ಪಿರಲಿಲ್ಲ, ಅಷ್ಟು ಹೇಳಬಲ್ಲೆ. ಬೀದಿಗೆ ಬೀದಿಯೇ ನಕ್ಕಿತು. ಬಕೆಟ್ ಹುಡುಗ ಪದೇಪದೇ ‘ಚಾಯ್?’ ಎಂದು ಅಣಕಿಸಿ ಪಾತ್ರೆ ತೊಳೆದ. ಅಂಗಡಿಯವಳು ಹಂದಿಮಾಂಸ ಬಿಟ್ಟು ಬರೀ ಅಣಬೆ ತುಂಬಿದ ಬಾನ್ ಕುವೊನನ್ನು ನಮಗೆ ಒಂದೊಂದು ಜಾಸ್ತಿಯೇ ಹಾಕಿದಳು. ಬಾಯಿಗಿಟ್ಟರೆ ಕರಗುವ ತಿಂಡಿ. ನಾನು ಎರಡನೆಯದಕ್ಕೆ ಕೈಹಾಕುವಾಗ ಪಕ್ಕದಿಂದ ಸಣ್ಣ ಧ್ವನಿ ಬಂತು:

‘ನೀರುದೋಸೆ ಕಣೇ. ಆವಿಯಲ್ಲಿ ಬೇಯಿಸಿದ್ದಾರೆ, ಅಷ್ಟೇ.’

ಇಷ್ಟಾದ ಮೇಲೂ!

ಆಮೇಲೆ ಬುನ್ ಬಂತು, ಅದು ಒತ್ತು ಶ್ಯಾವಿಗೆ. ಹೆಸರುಬೇಳೆಗೆ ತೆಂಗಿನಹಾಲು, ಐಸು ಹಾಕಿದ ಸಿಹಿ ಬಂತು, ಅದು ಪಾಯಸ. ಅದರ ಹೆಸರು ‘ಚೆ’, ನಾವು ಬೇಸರಕ್ಕೆ ಹೇಳುವುದೂ ಅದನ್ನೇ, ಆ ಹೊತ್ತಿಗೆ ನಾನೂ ಹೇಳುತ್ತಿದ್ದೆ. ಲೋಟದ ಮೇಲೆ ಕೂರಿಸುವ ಫಿನ್ ಎಂಬ ಪುಟ್ಟ ಸಾಧನದಿಂದ ಕಾಫಿ ತೊಟ್ಟಿಕ್ಕಿತು, ಅದು ನಮ್ಮ ಫಿಲ್ಟರ್‌ನ ಕುಳ್ಳ ತಮ್ಮ. ಬ್ರೆಜಿಲ್ ಬಿಟ್ಟರೆ ಜಗತ್ತಿನಲ್ಲಿ ಅತಿ ಹೆಚ್ಚು ಕಾಫಿ ಬೆಳೆಯುವ ದೇಶದವರ ಮುಂದೆ ಇವರು ಚಿಕ್ಕಮಗಳೂರಿನ ಬಗ್ಗೆ ಹತ್ತು ನಿಮಿಷ ಮಾತಾಡಿದರು. ಮೊಟ್ಟೆ ಕಾಫಿಯ ಮುಂದೆ ಮಾತ್ರ ಪಾಂಡಿತ್ಯ ತಡವರಿಸಿತು. 1946ರಲ್ಲಿ ಹಾಲಿಗೆ ಬರ ಬಂದಾಗ ನುಯೆನ್ ವಾನ್ ಯಾಂಗ್ ಎಂಬ ಹೋಟೆಲ್ ಕೆಲಸಗಾರ ಮೊಟ್ಟೆಯ ಹಳದಿಯನ್ನು ಕಡೆದು ನೊರೆ ಮಾಡಿ ಕಾಫಿಗೆ ಹಾಕಿದ್ದಂತೆ. ಇವರು ಬಟ್ಟಲನ್ನು ನೋಡಿದರು, ಛಾವಣಿ ನೋಡಿದರು, ತುಟಿ ಅಲ್ಲಾಡಿಸಿದರು. ಹೋಲಿಕೆ ಸಿಗಲಿಲ್ಲ. ‘ಕೇಕಿನಲ್ಲಿ ಮೊಟ್ಟೆ ತಿನ್ನುತ್ತೇವಲ್ಲ, ಹಾಗೆಯೇ’ ಎಂದು ಕುಡಿದು ಮುಗಿಸಿ ಮೀಸೆ ಒರೆಸಿಕೊಂಡರು. ಆ ಎರಡು ನಿಮಿಷದ ಮೌನಕ್ಕಾಗಿ ನಾನು ಆ ಪುಣ್ಯಾತ್ಮನಿಗೆ ಮನಸ್ಸಿನಲ್ಲೇ ಕೈಮುಗಿದೆ.

ಕೊನೆಗೆ ಕೆರೆಯ ಕಡೆ ಮರಳುವಾಗ, ಅಡ್ಡೆಯ ಎರಡು ಕಡೆಗೂ ಬುಟ್ಟಿ ತೂಗಿಸಿಕೊಂಡು ಬಂದ ಮುದುಕಿಯೊಬ್ಬಳ ಹತ್ತಿರ ಹುಡುಗಿ ತಾವರೆ ಎಲೆಯ ಪೊಟ್ಟಣ ಕೊಂಡಳು. ಒಳಗೆ ಎಳೆ ಹಸಿರು ಬಣ್ಣದ ಕೋಮ್. ಇನ್ನೂ ಹಾಲುಗಾಳಿರುವ ಬತ್ತವನ್ನು ಹುರಿದು, ಕುಟ್ಟಿ, ಕೇರಿ ಮಾಡುವುದು. ಈ ಹಂಗಾಮಿನಲ್ಲಿ ಮಾತ್ರ ಸಿಗುತ್ತದೆ. ಚಿಟಿಕೆ ಚಿಟಿಕೆಯಾಗಿ, ಮಾಗಿದ ಬಾಳೆಹಣ್ಣಿನ ಜೊತೆ ತಿನ್ನಬೇಕು ಎಂದಳು.

ಅವಲಕ್ಕಿ, ಬಾಳೆಹಣ್ಣು. ಇದಕ್ಕಿಂತ ನಮ್ಮದು ಇನ್ನೇನಿದೆ? ನಾನು ಕಿವಿ ಗಟ್ಟಿ ಮಾಡಿಕೊಂಡು ಕಾದೆ. ಮಾತು ಬರಲಿಲ್ಲ. ತಿರುಗಿ ನೋಡಿದರೆ ಇವರು ಎಲೆಯ ಮೇಲೆ ಬಗ್ಗಿ ವಾಸನೆ ನೋಡುತ್ತಿದ್ದರು. ತೀರ್ಥಹಳ್ಳಿ ಕಡೆಯ ಅವರ ಮನೆಯಲ್ಲಿ ನಮ್ಮ ಅತ್ತೆ ಹೊಸ ಬತ್ತ ಬಂದಾಗ ಒರಳಲ್ಲಿ ಅವಲಕ್ಕಿ ಕುಟ್ಟುತ್ತಿದ್ದರು. ನಾನು ಸೊಸೆಯಾಗಿ ಹೋದ ಮೊದಲ ವರ್ಷ ಒನಕೆ ಹಿಡಿಯಲು ಹೋಗಿ ಕಾಲಿನ ಮೇಲೆ ಹಾಕಿಕೊಂಡಿದ್ದೆ. ಅತ್ತೆ ತೀರಿಕೊಂಡು ಒಂಬತ್ತು ವರ್ಷ. ಒರಳು ಈಗ ಅಂಗಳದಲ್ಲಿ ಮಳೆನೀರು ಹಿಡಿಯುತ್ತಿದೆ.

‘ಇದು ನಮ್ಮದೇ ಅಲ್ಲವೇನ್ರೀ?’ ಎಂದು ನಾನೇ ಕೇಳಿದೆ.

‘ಅಲ್ಲ,’ ಎಂದರು. ‘ಅಮ್ಮನದು ಇಷ್ಟು ಹಸಿರಿರಲಿಲ್ಲ.’

ಕೆರೆಯ ದಂಡೆಯವರೆಗೂ ಮಾತಿಲ್ಲ. ನಾಲ್ಕು ಗಂಟೆಗಳಿಂದ ಬಯಸಿದ ಮೌನ ಸಿಕ್ಕಿತ್ತು. ಹಾಳಾದ್ದು, ಅದೂ ಹಿತವಾಗಲಿಲ್ಲ. ಕೊನೆಗೆ ನಾನೇ ಬೈಕುಗಳನ್ನು ತೋರಿಸಿ, ‘ದನಗಳ ಹಾಗೆ ದಾಟೋಣವೇ?’ ಎಂದೆ.

ಅದಕ್ಕೇ ಇವತ್ತು ಸಟ್ಟುಗ ಕೆಳಗಿಟ್ಟದ್ದು, 31 ವರ್ಷದ ಮಾತು ನೆಪ. ಆದರೂ ಅಕ್ಕಿ ನೆನೆಹಾಕಿದವಳು ನಾನು, ಒತ್ತಿದವಳು ನಾನು, ಹೆಸರು ಹನೋಯ್‌ಗೆ! ಬೆನ್ನು ಹಾಕಿ ನಿಂತುಕೊಂಡೆ. ಎರಡನೆಯ ಸಲ ಬಡಿಸಲು ತಟ್ಟೆ ಚಾಚಿದವರು, ನನ್ನನ್ನು ನಗಿಸಲೆಂದು, ಆ ದಿನದ ಧಾಟಿಯಲ್ಲೇ ಎಳೆದು ಏರಿಸಿ ಕೇಳಿದರು:

‘ಚಾಯ್?’

ಮಾತಾಡಬಾರದೆಂದು ತುಟಿ ಬಿಗಿಹಿಡಿದು ಒಲೆಯ ಕಡೆ ತಿರುಗಿದೆ. ಕಾಫಿಗೆಂದು ಇಟ್ಟಿದ್ದ ಹಾಲು ಉಕ್ಕಿ, ಬತ್ತಿ, ತಳ ಹತ್ತಿತ್ತು.