ಅರ್ಥ ಆಗುತ್ತೆ, ಮಾತಾಡೋಕೆ ಬರಲ್ಲ

ಕೇರಳದ ಕಾಸರಗೋಡಿನ ಕನ್ನಡ ಶಾಲೆಗೆ ಕನ್ನಡ ಬಾರದ ಮಲಯಾಳಿ ಟೀಚರ್ ಬರುವುದು ಈಗ ಸುದ್ದಿಯೇ ಅಲ್ಲ. ಟೀಚರ್ ಬರುತ್ತಾರೆ, ಪೋಷಕರು ಗೇಟಿನ ಮುಂದೆ ಕೂರುತ್ತಾರೆ, ಪೇಪರಿನಲ್ಲಿ ಫೋಟೋ ಬರುತ್ತದೆ, ಅಷ್ಟರಲ್ಲಿ ಓಣಂ ಪರೀಕ್ಷೆ ಬಂದುಬಿಡುತ್ತದೆ.

"ಟೀಚರೇ, ಕನ್ನಡ ಬರುತ್ತಾ?" ಅಂತ ಕೇಳಿ ನೋಡಿ. "ಕೇಟ್ಟಾಲ್ ಮನಸ್ಸಿಲಾವುಂ" ಅಂತ ನಗುತ್ತಾರೆ. ಕೇಳಿದರೆ ತಿಳಿಯುತ್ತದಂತೆ. ಸಂತೋಷ. ರಾತ್ರಿಯಿಡೀ ಕೂತು ಯಕ್ಷಗಾನದ ಆಟ ನೋಡಿದವರಿಗೆಲ್ಲ ಪ್ರಸಂಗ ತಿಳಿಯುತ್ತದೆ, ಹಾಗಂತ ಭಾಗವತರನ್ನು ಎಬ್ಬಿಸಿ ಅವರ ಕೈಗೆ ಜಾಗಟೆ ಕೊಡುತ್ತೇವಾ?

ಪಾಪ, ಟೀಚರನ್ನು ಬೈದು ಪ್ರಯೋಜನ ಇಲ್ಲ. ಯಾವ ಭಾಷೆ ಕಲಿಯುವವರಿಗೂ ಕಂಡರೆ ಗುರುತು ಸಿಗುವ ಪದಗಳು ಜಾಸ್ತಿ, ಬೇಕಾದಾಗ ಬಾಯಿಗೆ ಬರುವ ಪದಗಳು ಕಡಿಮೆ. ಅವು ಬಾಯಿಗೆ ಬರಬೇಕಾದರೆ ಪುಸ್ತಕ ಮುಚ್ಚಿ ನೆನಪಿನಿಂದ ಎಳೆದು ತೆಗೆಯಬೇಕು, ವಾಕ್ಯ ಕಟ್ಟಬೇಕು, ಮರೆಯುವ ಮೊದಲು ಮತ್ತೊಮ್ಮೆ ಎಳೆಯಬೇಕು. ಕಲಿತದ್ದು ಎಷ್ಟು ಬೇಗ ಸೋರಿಹೋಗುತ್ತದೆ ಅಂತ ಜರ್ಮನಿಯ ಮನಶ್ಶಾಸ್ತ್ರಜ್ಞ ಎಬ್ಬಿಂಗ್‌ಹೌಸ್ ತನ್ನ ಮೇಲೇ ಪ್ರಯೋಗ ಮಾಡಿಕೊಂಡು 1885ರಲ್ಲೇ ಬರೆದಿಟ್ಟಿದ್ದಾನೆ. ನಮ್ಮ ನೇಮಕಾತಿಯವರಿಗೆ ಆ ಪುಸ್ತಕ ಇನ್ನೂ ತಲುಪಿಲ್ಲ. ಅವರದ್ದು ನಾಲ್ಕು ಉತ್ತರ ಕೊಟ್ಟು ಒಂದು ಗುಂಡಿಗೆ ಮಸಿ ತುಂಬಿಸುವ ಪರೀಕ್ಷೆ. ಕ್ಲಾಸಿನಲ್ಲಿ ಮೂರನೇ ಬೆಂಚಿನ ಹುಡುಗಿ ಎದ್ದು "ಟೀಚರ್, ಇಲ್ಲಿ ಶೇಷ ಯಾಕೆ ಉಳೀತು?" ಅಂದರೆ ಅವಳ ಹಣೆ ಮೇಲೆ ನಾಲ್ಕು ಗುಂಡಿ ಇರುವುದಿಲ್ಲ.

ಆಗ ಟೀಚರ ಬಾಯಿಗೆ ಬರುವುದು ಇಷ್ಟೇ: ಕೂತ್ಕೊಳ್ಳಿ, ಬರೀರಿ, ಗಲಾಟೆ ಬೇಡ. ಈ ಬಂಡವಾಳದಲ್ಲೇ ಭಾಗಾಕಾರ ಮುಗಿಯಬೇಕು, ಮೊಘಲರು ಬಂದು ಹೋಗಬೇಕು, ಎಲೆ ಆಹಾರ ತಯಾರಿಸಬೇಕು. ಕೊನೆಗೆ ಎರಡೂ ಭಾಷೆ ಬರುವ ಹುಡುಗನೊಬ್ಬ ಎದ್ದು ನಿಂತು ಉಳಿದವರಿಗೆ ಪಾಠ ಹೇಳುತ್ತಾನೆ. ಸಂಬಳ ಮಾತ್ರ ಅವನ ಖಾತೆಗೆ ಬರುವುದಿಲ್ಲ.

ಸರಕಾರದ ಕನ್ನಡವೂ ಇದೇ ಜಾತಿಯದ್ದು ಅನ್ನಿ. ಕನ್ನಡದವರು ಕನ್ನಡದಲ್ಲಿ ಅರ್ಜಿ ಬರೆಯಬಹುದು, ಉತ್ತರವನ್ನೂ ಕನ್ನಡದಲ್ಲೇ ಕೊಡಬೇಕು ಅಂತ ಕೇರಳದ ಅಧಿಕೃತ ಭಾಷಾ ಕಾಯ್ದೆ 1969ರಲ್ಲೇ ಹೇಳಿದೆ. ಅರ್ಜಿಯನ್ನೇನೋ ತಗೊಳ್ಳುತ್ತಾರೆ. ಉತ್ತರ ಬಾಯಿಗೆ ಬರುವುದಿಲ್ಲ.

ಇನ್ನು ನಮ್ಮ ಪೇಟೆಯ ಮೀನಿನ ಅಕ್ಕನನ್ನು ನೋಡಿ. ತುಳುವಿನವರು ಬಂದರೆ ಬೂತಾಯಿ ಅನ್ನುತ್ತಾಳೆ, ಮಲಯಾಳದವರಿಗೆ ಅದನ್ನೇ ಮತ್ತಿ ಅಂತ ತೂಗುತ್ತಾಳೆ, ಕಟ್ಟಡ ಕೆಲಸದ ಬಂಗಾಳಿ ಹುಡುಗನ ಹತ್ತಿರ ಹಿಂದಿಯಲ್ಲಿ ಚೌಕಾಶಿ ಮಾಡುತ್ತಲೇ ಕೈಯಲ್ಲಿ ಬೆಕ್ಕು ಓಡಿಸುತ್ತಾಳೆ. ಸರ್ಟಿಫಿಕೇಟ್ ಇಲ್ಲ, ಪದಪಟ್ಟಿ ಉರು ಹೊಡೆದದ್ದಿಲ್ಲ. ಪರೀಕ್ಷೆಯಲ್ಲಿ ತಪ್ಪಿದರೆ ಮಾರ್ಕು ಹೋಗುತ್ತದೆ, ಇವಳು ತಪ್ಪಿದರೆ ಮಧ್ಯಾಹ್ನಕ್ಕೆ ಮೀನೇ ಹೋಗುತ್ತದೆ.

ಹಾಗಾಗಿ ತರಬೇತಿ ಅಂತ ಎಲ್ಲೆಲ್ಲಿಗೋ ಕಳಿಸುವ ಬದಲು, ಆಯ್ಕೆಯಾದವರ ತಲೆ ಮೇಲೆ ಸುಮ್ನೆ ಒಂದೊಂದು ಬುಟ್ಟಿ ಇಟ್ಟು ಕುಂಬಳೆ ಪೇಟೆಗೆ ಬಿಡಿ. ಕನ್ನಡದಲ್ಲೇ ಮಾರಬೇಕು. ಬುಟ್ಟಿ ಖಾಲಿ ಮಾಡಿದವರಿಗೆ ನೇಮಕಾತಿ ಆರ್ಡರ್ ಕೊಡಿ. ಉಳಿದ ಮೀನನ್ನು ಇಲಾಖೆಯವರೇ ಕೊಂಡುಕೊಳ್ಳಲಿ.